ಸಿಪಾಯಿಯ ತಾಟು

ನಮ್ಮ ತಂದೆ ಸೈನ್ಯದಲ್ಲಿದ್ದವರು. ಶಾಲೆಯ ಹುಡುಗರು, “ನಿಮ್ಮಪ್ಪ ಎಷ್ಟ ಮಂದೀನ್ನ ಕೊಂದಾರ?” ಎಂದು ಕೇಳಿದಾಗ ಆ ಪ್ರಶ್ನೆಯನ್ನು ಅವರ ಮುಂದೆಯೇ ಇಟ್ಟೆ. “ಪರೇಡ ಮಾಡಿದೆ, ಅರಿವಿ ಒಗದೆ, ತಾಟ ತೊಳದೆ” ಎಂದರು. ನನಗೆ ನಾಚಿಕೆಯಾಯಿತು. ಶಾಲೆಯಲ್ಲಿ ಏಳು ಮಂದಿ ಎಂದು ಹೇಳಿಬಿಟ್ಟೆ. ಸುಳ್ಳು ಮನೆಗೆ ಮುಟ್ಟಿತು. ಅಪ್ಪ ಬೈಯಲಿಲ್ಲ, ಎರಡು ದಿನ ಮಾತನ್ನೇ ಆಡಲಿಲ್ಲ.

ಮೊನ್ನೆ ರಜೆಯಲ್ಲಿ ಹಳೆಯ ಮೂಕಚಿತ್ರಗಳನ್ನು ನೋಡುವಾಗ ಇದೆಲ್ಲ ನೆನಪಾಯಿತು. 1898ರಲ್ಲಿ ಸ್ಪೇನಿನೊಡನೆ ಯುದ್ಧಕ್ಕಿಳಿದ ಅಮೇರಿಕೆಯ ದಂಡು, ಕ್ಯೂಬಾಕ್ಕೆ ಹಡಗು ಹತ್ತುವ ಮುನ್ನ ಫ್ಲಾರಿಡಾದ ಟ್ಯಾಂಪಾದಲ್ಲಿ ಬೀಡುಬಿಟ್ಟಿತ್ತು. ಎಡಿಸನ್ ಕಂಪನಿಗಾಗಿ ವಿಲಿಯಂ ಪೇಲಿ ಎಂಬಾತ ಅಲ್ಲಿಗೆ ಕ್ಯಾಮೆರಾ ಹೊತ್ತು ಹೋದ. ಆ ಬೀಡಿನಲ್ಲಿ ತೆಗೆದದ್ದೇನು? ಸಿಪಾಯಿಗಳು ಬೆಳಿಗ್ಗೆ ಮುಖ ತೊಳೆಯುವುದು, ಉಂಡ ತಾಟು ತೊಳೆಯುವುದು, ಹೊಸದಾಗಿ ಸೇರಿದವನನ್ನು ಕಂಬಳಿಯಲ್ಲಿ ಹಾಕಿ ಮೇಲಕ್ಕೆ ಚಿಮ್ಮಿಸುವುದು! ಅಂದಿನ ಕ್ಯಾಮೆರಾಕ್ಕೆ ಕದನದ ನಡುವೆ ನಿಲ್ಲುವ ಶಕ್ತಿಯೆಲ್ಲಿ? ಜನಕ್ಕಾದರೋ ಗುಂಡಿನ ಹೊಗೆಯೇ ಬೇಕು. ಅದೇ ಕಂಪನಿ 1899ರಲ್ಲಿ ಫಿಲಿಪೀನ್ಸಿನ ಕಾಳಗಗಳನ್ನು ನ್ಯೂಜೆರ್ಸಿಯ ಬಯಲಿನಲ್ಲೇ ಆಡಿಸಿ ತೆಗೆಯಿತು. ನನ್ನ ಏಳು ಮಂದಿಯ ಲೆಕ್ಕ ಅದಕ್ಕಿಂತ ಬೇರೆಯೇನಲ್ಲ.

ನಮ್ಮ ಮುಂಬಯಿಯ ವಾಟ್ಸನ್ ಹೋಟೆಲಿನಲ್ಲಿ 1896ರ ಜುಲೈ 7ರಂದು ತೋರಿಸಿದ ಲುಮಿಯೇರ್ ಸೋದರರ ಆರು ಚಿತ್ರಗಳಲ್ಲಿಯೂ ಒಂದು, ಗಾಲಿಗಳ ಮೇಲೆ ಸಾಗುವ ಹೆಂಗಸರು ಮತ್ತು ಸಿಪಾಯಿಗಳದು. ಅಂದರೆ ಈ ದೇಶ ಕಂಡ ಮೊದಲ ಚಲನಚಿತ್ರದ ಸಿಪಾಯಿಯೂ ಯುದ್ಧ ಮಾಡುತ್ತಿರಲಿಲ್ಲ, ಸವಾರಿ ಹೊರಟಿದ್ದ. ಕಾಳಾಘೋಡಾದ ಬಳಿ ಆ ಕಟ್ಟಡದ ಮುಂದೆ ಎಷ್ಟೋ ಸಲ ಹಾದುಹೋಗಿದ್ದೇನೆ, ಗೊತ್ತೇ ಇರಲಿಲ್ಲ.

ತಾಟು ತೊಳೆಯುವ ಆ ಚಿತ್ರ ಇಷ್ಟು ವರ್ಷ ಉಳಿದುಬಂದ ಬಗೆಯೂ ನಮ್ಮಂಥ ಗುಮಾಸ್ತರು ಮೆಚ್ಚುವಂಥದು. ಹಕ್ಕು ಕಾಯ್ದಿರಿಸಲೆಂದು ಆಗಿನ ಚಿತ್ರಗಳನ್ನು ಉದ್ದನೆಯ ಕಾಗದದ ಸುರುಳಿಗಳ ಮೇಲೆ ಮುದ್ರಿಸಿ ವಾಷಿಂಗ್ಟನ್ನಿನ ಗ್ರಂಥಾಲಯದಲ್ಲಿ ದಾಖಲು ಮಾಡುತ್ತಿದ್ದರು. ಮೂಲದ ಫಿಲ್ಮು ಎಷ್ಟೋ ಹಾಳಾಗಿ ಹೋದರೂ ದಫ್ತರದ ಕಾಗದ ಉಳಿಯಿತು; ಅದರಿಂದಲೇ ಮತ್ತೆ ಫಿಲ್ಮು ಮಾಡಿದರು.

ದೀಪಾವಳಿಗೆ ಧಾರವಾಡಕ್ಕೆ ಹೋದಾಗ ಅಪ್ಪನಿಗೆ ಅದನ್ನು ಮೊಬೈಲಿನಲ್ಲಿ ತೋರಿಸಿದೆ. ಎಪ್ಪತ್ತು ದಾಟಿದವರು; ಕನ್ನಡಕ ಏರಿಸಿಕೊಂಡು ನೋಡಿದರು. ಏಳು ಮಂದಿಯ ಮಾತು ನನ್ನ ಬಾಯಿಯವರೆಗೂ ಬಂದಿತ್ತು. ಅಷ್ಟರಲ್ಲಿ ಚಿತ್ರ ಮುಗಿದೇಹೋಯಿತು.

“ಇಷ್ಟ ಏನೋ? ಇನ್ನೂ ತೊಳದ ಮುಗದಿಲ್ಲಲ್ಲ” ಎಂದರು. “ಇನ್ನೊಮ್ಮೆ ಹಚ್ಚು.”