ನಟನ ಹಿಂದಿನ ಕವಿ

ನಾಟಕವನ್ನು ನೋಡಿ ಮನೆಗೆ ಮರಳಿದವರ ಬಾಯಲ್ಲಿ ನಟನ ಹೆಸರು ನಿಲ್ಲುವಂತೆ ಕವಿಯ ಹೆಸರು ನಿಲ್ಲುವುದಿಲ್ಲ. ಚಲಚ್ಚಿತ್ರದಲ್ಲಿಯಂತೂ ಕಥೆ ಸಂಭಾಷಣೆಗಳನ್ನು ಬರೆದವನಿಗೆ ಅಜ್ಞಾತವಾಸವೇ ಗತಿ. ಇಟಲಿಯ ರೊಡೋಲ್ಫೊ ಸೊನೇಗೊ ಎಂಬಾತನು ಇಂಥ ಅಜ್ಞಾತವಾಸದಲ್ಲಿ ನಾಲ್ಕು ದಶಕಗಳಿಗೂ ಮಿಗಿಲಾಗಿ ದುಡಿದವನು. ಹಾಸ್ಯನಟನಾದ ಆಲ್ಬೆರ್ತೊ ಸೋರ್ದಿಯು ಆ ದೇಶದ ಮನೆಮನೆಗೂ ಪರಿಚಿತನು; ಆ ನಟನ ಬಾಯಿಗೆ ಮಾತನ್ನಿತ್ತವನ ಹೆಸರು ಇಟಲಿಯಾಚೆ ಕೇಳಿಬರುವುದು ವಿರಳ. 2015ರಲ್ಲಿ ಸೊನೇಗೊವನ್ನು ಕುರಿತು ಹೊರಬಂದ ಗ್ರಂಥಕ್ಕೆ ‘ಆಲ್ಬೆರ್ತೊ ಸೋರ್ದಿಯ ಮಿದುಳು’ ಎಂದೇ ಹೆಸರಿಟ್ಟಿರುವುದು ಉಚಿತವಾಗಿದೆ.

ಸೊನೇಗೊ 1921ರಲ್ಲಿ ಉತ್ತರ ಇಟಲಿಯ ಪರ್ವತಪ್ರಾಂತವಾದ ಬೆಲ್ಲೂನೊದಲ್ಲಿ ಜನಿಸಿದನು. ತಾರುಣ್ಯದಲ್ಲಿ ಅವನ ಒಲವು ಚಿತ್ರಕಲೆಯ ಕಡೆಗೆ. 1943ರಲ್ಲಿ ಜರ್ಮನ್ ಸೈನ್ಯವು ದೇಶವನ್ನಾಕ್ರಮಿಸಿದ ಮೇಲೆ ಕುಂಚವನ್ನಿಟ್ಟು ಕೋವಿಯನ್ನು ಹಿಡಿದು, ಪ್ರತಿರೋಧದ ಪಡೆಯಲ್ಲಿ ಹೋರಾಡಿದನು. ಯುದ್ಧಾನಂತರ ರೋಮಿಗೆ ಬಂದು ಲೇಖಕನಾದನು. 1954ರ ‘ಇಲ್ ಸೆದುತ್ತೋರೆ’ಯಿಂದ ಸೋರ್ದಿಯೊಡನೆ ಬೆಳೆದ ಸಖ್ಯವು 1998ರ ‘ಇಂಕೊಂತ್ರಿ ಪ್ರೊಯಿಬೀತಿ’ಯವರೆಗೆ ನಡೆಯಿತು.

ಪ್ರಾಣವನ್ನು ಪಣವಾಗಿಟ್ಟು ಕಾದಿದವನು ಚಿತ್ರಿಸಿದ್ದಾದರೂ ಯಾರನ್ನು? ಪುಕ್ಕಲರನ್ನು, ಆಸೆಬುರುಕರನ್ನು, ಮೇಲಿನವರಿಗೆ ಬಾಗಿ ಕೆಳಗಿನವರ ಮೇಲೆ ಬೀಗುವವರನ್ನು. ವೀರನಾದವನು ಹೇಡಿಯನ್ನು ಕಂಡು ನಗುವುದು ಸುಲಭ. ಆ ನಗೆ ತಿರಸ್ಕಾರವಾಗುವುದು ಇನ್ನೂ ಸುಲಭ. ಸೊನೇಗೊವಿನ ಹಿರಿಮೆಯು ಈ ಪ್ರಲೋಭನಕ್ಕೆ ಒಳಗಾಗದಿದ್ದುದರಲ್ಲಿದೆ.

ದೀನೊ ರೀಸಿ ನಿರ್ದೇಶಿಸಿದ 1961ರ ‘ಉನಾ ವೀತಾ ದಿಫೀಚಿಲೆ’, ಎಂದರೆ ‘ಕಷ್ಟದ ಬಾಳು’, ಇದಕ್ಕೆ ನಿದರ್ಶನ. ನಾಯಕನು ಲೇಖಕನಂತೆಯೇ ಪ್ರತಿರೋಧದ ಹೋರಾಟಗಾರ. ಆದರೆ ಯುದ್ಧ ಮುಗಿದ ಮೇಲೆ ಬಡ ಪತ್ರಕರ್ತ. 1946ರ ಜೂನಿನಲ್ಲಿ, ಅರಸೊತ್ತಿಗೆಯೋ ಗಣರಾಜ್ಯವೋ ಎಂಬ ಜನಮತಗಣನೆಯ ಫಲಿತಾಂಶ ಹೊರಬೀಳುವ ರಾತ್ರಿ, ಹಸಿದ ಈ ದಂಪತಿಗಳಿಗೆ ಅರಸನ ಪಕ್ಷದ ಕುಲೀನರ ಮನೆಯಲ್ಲಿ ಊಟದ ಕರೆ ದೊರೆಯುತ್ತದೆ. ಕಾರಣ ಆದರವಲ್ಲ: ಪಂಕ್ತಿಯಲ್ಲಿ ಹದಿಮೂರು ಮಂದಿ ಕುಳಿತರೆ ಅಪಶಕುನವೆಂಬ ಭೀತಿ. ಗಣರಾಜ್ಯವು ಗೆದ್ದಿತೆಂದು ರೇಡಿಯೋ ಸಾರುತ್ತಲೇ ಅತಿಥಿಗಳೆಲ್ಲ ಶೋಕದಿಂದ ಎದ್ದುಹೋಗುತ್ತಾರೆ. ಉಳಿದ ಇಬ್ಬರು ಮಾತ್ರ ನಿಶ್ಚಿಂತೆಯಿಂದ ಉಣ್ಣುತ್ತಾರೆ. ದೇಶಕ್ಕೆ ಸ್ವಾತಂತ್ರ್ಯೋದಯ, ಅವರಿಗೆ ಒಂದು ಹೊತ್ತಿನ ಊಟ! ಮುಂದೆ ಆ ನಾಯಕನೇ ಹೆಂಡತಿಯ ಪ್ರೀತಿಯನ್ನು ಮರಳಿ ಪಡೆಯಲೆಂದು ಧನಿಕನೊಬ್ಬನ ಊಳಿಗಕ್ಕೆ ಸೇರಿ, ಅತಿಥಿಗಳೆದುರು ಅವಮಾನಿತನಾಗುತ್ತಾನೆ. ಕೊನೆಗೆ ಧಣಿಯ ಕೆನ್ನೆಗೆ ಹೊಡೆದು ಕೊಳಕ್ಕೆ ಕೆಡವಿ ಹೊರನಡೆಯುತ್ತಾನೆ.

ಹಾಸ್ಯಕ್ಕೂ ಕರುಣಕ್ಕೂ ವಿರೋಧವೆಂದು ನಮ್ಮ ಆಲಂಕಾರಿಕರು ಹೇಳಿದ್ದಾರೆ. ಸೊನೇಗೊವಿನಲ್ಲಿ ಇವೆರಡೂ ಒಂದೇ ಪಂಕ್ತಿಯಲ್ಲಿ ಕುಳಿತಿವೆ. ಲುಯೀಜಿ ಕೊಮೆಂಚೀನಿ ನಿರ್ದೇಶಿಸಿದ 1972ರ ‘ಲೊ ಸ್ಕೊಪೋನೆ ಶ್ಯೆಂತೀಫಿಕೊ’ದಲ್ಲಿ ಅಮೆರಿಕದ ವೃದ್ಧ ಧನಿಕಳೊಬ್ಬಳು ವರ್ಷವರ್ಷವೂ ರೋಮಿಗೆ ಬಂದು, ಚಿಂದಿ ಆಯುವ ದಂಪತಿಗಳಿಗೆ ತಾನೇ ಹಣವನ್ನಿತ್ತು ಇಸ್ಪೀಟಾಟಕ್ಕೆ ಕೂರಿಸುತ್ತಾಳೆ. ಸೋತಾಗ ಪಣವನ್ನು ಇಮ್ಮಡಿಸುತ್ತಾಳೆ. ಅವಳ ಭಂಡಾರಕ್ಕೆ ಮಿತಿಯಿಲ್ಲ. ಎಷ್ಟು ಸಲ ಸೋತರೂ ಒಂದೇ ಗೆಲುವು ಸಾಕು. ಭಾರತದ ದ್ಯೂತದಲ್ಲಿ ಕಪಟವು ದಾಳದಲ್ಲಿತ್ತು. ಇಲ್ಲಿ ಎಲೆಗಳು ನಿಷ್ಕಪಟವಾಗಿವೆ. ಸೋಲು ಮಾತ್ರ ಬಡವನಿಗೇ ನಿಶ್ಚಿತ.

ಸೊನೇಗೊ 2000ದಲ್ಲಿ ರೋಮಿನಲ್ಲಿ ತೀರಿಕೊಂಡನು. ತೆರೆಯ ಮೇಲೆ ಅವನ ಮುಖವನ್ನು ಜನರು ಕಾಣಲಿಲ್ಲ. ಆದರೆ ತಮ್ಮ ಮುಖವನ್ನು ಕಂಡು ನಕ್ಕರು, ನಕ್ಕು ತುಸು ನಾಚಿದರು. ಹಾಸ್ಯವನ್ನು ಬರೆಯುವವನಿಗೆ ಇದಕ್ಕಿಂತ ಹೆಚ್ಚಿನ ಸಾರ್ಥಕ್ಯವು ಬೇಕಿಲ್ಲ.