ತಟದಲ್ಲಿ ನಿಂತವರು

ಐರ್ಲೆಂಡಿನ ಉತ್ತರ ತುದಿ ಮಾಲಿನ್ ಹೆಡ್‌ಗೆ ಹೋಗಿದ್ದೆ. ಸಿಕ್ಕಾಪಟ್ಟೆ ಗಾಳಿ. ಟೋಪಿ ಹಿಡಿದುಕೊಳ್ಳೋದೋ, ಕ್ಯಾಮೆರಾ ಹಿಡಿದುಕೊಳ್ಳೋದೋ ಗೊತ್ತಾಗದ ಸ್ಥಿತಿ! ಕೆಳಗೆ ಹುಲ್ಲಿನ ಮೇಲೆ ಕಲ್ಲು ಜೋಡಿಸಿ ದೊಡ್ಡ ದೊಡ್ಡ ಅಕ್ಷರಗಳಲ್ಲಿ 'ಏರೆ' ಅಂತ ಬರೆದಿದ್ದರು. ಐರಿಷ್ ಭಾಷೆಯಲ್ಲಿ ಆ ದೇಶದ ಹೆಸರು. ಎರಡನೇ ಮಹಾಯುದ್ಧದ ಕಾಲದ್ದು. ಮೇಲೆ ಹಾರುವ ಪೈಲಟ್ಟಿಗೆ, "ಸ್ವಾಮೀ, ಇದು ತಟಸ್ಥ ದೇಶ, ಇಲ್ಲಿ ಬಾಂಬ್ ಹಾಕಬೇಡಿ" ಅನ್ನುವ ಬೋರ್ಡು. ಇಂಥವು ಕರಾವಳಿಯುದ್ದಕ್ಕೂ 80ಕ್ಕೂ ಹೆಚ್ಚು ಇದ್ದವು.

ತಟಸ್ಥ ಅಂದರೆ ತಟದಲ್ಲಿ ನಿಂತವನು. ಆದರೆ ದಡದಲ್ಲಿ ನಿಂತವನಿಗೆ ನೀರು ಸಿಡಿಯುವುದಿಲ್ಲವೇ?

ಐರ್ಲೆಂಡ್ ಸ್ವತಂತ್ರವಾದದ್ದು 1922ರಲ್ಲಿ. ಬ್ರಿಟನ್ ತನ್ನ ಬಳಿ ಉಳಿಸಿಕೊಂಡಿದ್ದ ಮೂರು ಬಂದರುಗಳು ವಾಪಸ್ ಬಂದದ್ದು 1938ರಲ್ಲಿ. ಮರುವರ್ಷವೇ ಯುದ್ಧ. ಚರ್ಚಿಲ್‌ಗೆ ಆ ಬಂದರುಗಳು ಮತ್ತೆ ಬೇಕಾದವು. ಪ್ರಧಾನಿ ಡಿ ವಲೆರಾ ಕೊಡಲಿಲ್ಲ. ಕೊಟ್ಟರೆ ಸ್ವಾತಂತ್ರ್ಯಕ್ಕೇನು ಅರ್ಥ? ಕೊಡದಿದ್ದರೆ ಪಕ್ಕದ ಮನೆಯವನು ನುಗ್ಗಿದರೇನು ಗತಿ? ಯುದ್ಧಕ್ಕೆ 'ಎಮರ್ಜೆನ್ಸಿ' ಅಂತ ಹೆಸರಿಟ್ಟುಕೊಂಡು ಆರು ವರ್ಷ ಹೀಗೇ ತೂಗಾಡಿದರು.

1941ರ ಏಪ್ರಿಲ್‌ನಲ್ಲಿ ಬ್ರಿಟನ್ನಿಗೆ ಸೇರಿದ ಬೆಲ್‌ಫಾಸ್ಟ್ ಹೊತ್ತಿ ಉರಿದಾಗ ಡಬ್ಲಿನ್ನಿನ ಫೈರ್ ಇಂಜಿನ್‌ಗಳು ಗಡಿ ದಾಟಿ ಓಡಿದವು. ಮೇ ಕೊನೆಯಲ್ಲಿ ಜರ್ಮನ್ ಬಾಂಬು ಡಬ್ಲಿನ್ನಿನ ನಾರ್ತ್ ಸ್ಟ್ರಾಂಡ್ ಮೇಲೇ ಬಿದ್ದು 28 ಜನ ಸತ್ತರು. ಹವಾಮಾನದ ವರದಿಗಳು ಗುಟ್ಟಾಗಿ ಲಂಡನ್ನಿಗೆ ಹೋಗುತ್ತಿದ್ದವು. 1944ರ ಜೂನ್‌ನಲ್ಲಿ ಬ್ಲ್ಯಾಕ್‌ಸಾಡ್‌ನಿಂದ ಹೋದ ವರದಿ, ನಾರ್ಮಂಡಿ ದಾಳಿಯನ್ನು ಒಂದು ದಿನ ಮುಂದೂಡಲು ಕಾರಣವಾದವುಗಳಲ್ಲೊಂದು. ಇಷ್ಟೆಲ್ಲ ಮಾಡಿದವರೇ 1945ರ ಮೇ 2ರಂದು, ಹಿಟ್ಲರ್ ಸತ್ತನೆಂದು ಜರ್ಮನ್ ರಾಯಭಾರಿಯ ಬಳಿ ಹೋಗಿ ಸಂತಾಪ ಹೇಳಿ ಬಂದರು! ತಟಸ್ಥರಲ್ಲವೇ, ಶಿಷ್ಟಾಚಾರ ಬಿಡೋ ಹಾಗಿಲ್ಲ.

ನನಗೆ ಹೊಟ್ಟೆಯಲ್ಲಿ ಸಂಕಟವಾದದ್ದು ಇದಕ್ಕಲ್ಲ. ಐರಿಷ್ ಸೈನ್ಯ ಬಿಟ್ಟು, ಹಿಟ್ಲರನ ವಿರುದ್ಧ ಹೋರಾಡಲು ಬ್ರಿಟಿಷ್ ಸೈನ್ಯ ಸೇರಿದ ಸುಮಾರು 5000 ಜನರಿದ್ದರು. ಅವರಿಗೆ ಏಳು ವರ್ಷ ಸರ್ಕಾರಿ ಕೆಲಸ ಇಲ್ಲ, ಪಿಂಚಣಿ ಇಲ್ಲ. ಕ್ಷಮೆಯ ಕಾನೂನು ಬಂದದ್ದು 2013ರಲ್ಲಿ. ಅಷ್ಟರಲ್ಲಿ ಬಹುತೇಕರು ತೀರಿಹೋಗಿದ್ದರು. ಸರ್ಕಾರ ಗುಟ್ಟಾಗಿ ವಾಲಿದ್ದು ಜಾಣತನ, ಇವರು ಬಹಿರಂಗವಾಗಿ ವಾಲಿದ್ದು ಅಪರಾಧ.

ಬೇರೆಯವರನ್ನು ಅನ್ನೋದು ಸುಲಭ ಬಿಡಿ. ಅಪ್ಪ, ಚಿಕ್ಕಪ್ಪ ಮಾತು ಬಿಟ್ಟಾಗ ನಾನೂ "ನಾನು ಯಾರ ಕಡೆಯೂ ಇಲ್ಲಪ್ಪ" ಅಂದವನೇ. ಚಿಕ್ಕಪ್ಪನ ಮನೆಗೆ ಗುಟ್ಟಾಗಿ ಹೋಗಿ ಉಂಡು ಬರುತ್ತಿದ್ದೆ. ಹಾಡಹಗಲೇ ಹೋಗಿಬಂದ ತಂಗಿ ಬೈಸಿಕೊಂಡಳು. ನಾನು ಪಕ್ಕದಲ್ಲೇ ಇದ್ದೆ, ತುಟಿ ಬಿಚ್ಚಲಿಲ್ಲ.

ಮಾಲಿನ್ ಹೆಡ್‌ನ ಫೋಟೋಗಳನ್ನು ಅವಳಿಗೆ ಕಳಿಸಿದ್ದೇನೆ. ಈ ಕಥೆಯನ್ನು ಮಾತ್ರ ಇನ್ನೂ ಹೇಳಿಲ್ಲ...