ಕಾಳಿಯ ಕಲ್ಲು, ಅಪ್ಪನ ಪಟ

ಮಾರ್ಚ್ 4, ಸೋಮವಾರ

ಬೆಳಿಗ್ಗೆ ಒಬ್ಬ ಹುಡುಗ ಬಂದಿದ್ದ. ಅಪ್ಪ ತೀರಿಕೊಂಡಿದ್ದಾರೆ, ತಿಥಿಗೆ ದೊಡ್ಡ ಪಟ ಬೇಕು. ಕೈಗಿಟ್ಟದ್ದು ಆಧಾರ್ ಕಾರ್ಡು. ಆ ಫೋಟೊದಲ್ಲಿ ಇರುವವರು ಯಾರು ಬೇಕಾದರೂ ಆಗಬಹುದು. "ಕೋಟು ಹಾಕ್ಬುಡಿ ಸಾರ್, ಒಂಚೂರು ನಗೋ ಥರ ಮಾಡಿ" ಅಂದ. ಕೋಟು ಹಾಕ್ತಿದ್ರಾ ಅಂತ ಕೇಳಿದೆ. ಮದುವೆಗೂ ಹಾಕಿರಲಿಲ್ಲವಂತೆ. ಆಲೆಮನೆಯಲ್ಲಿ ಪಾಕ ನೋಡುವ ಕೆಲಸ.

ಮಾರ್ಚ್ 6, ಬುಧವಾರ

ಹಳೇ ಸ್ಕೆಚ್ ಪುಸ್ತಕದಲ್ಲಿ ಆತಕೂರಿನ ಕಲ್ಲು ಸಿಕ್ಕಿತು. ಬೆಂಗಳೂರಿನ ಮ್ಯೂಸಿಯಮ್ಮಿನಲ್ಲಿ ಕೂತು ಬರೆದುಕೊಂಡದ್ದು. ಕ್ರಿ.ಶ. 949-50ರ ಶಾಸನ. ಗಂಗರ ಬೂತುಗನ ಭಟ ಮಣಲೇರ ತಕ್ಕೋಲದಲ್ಲಿ ಚೋಳರ ಮೇಲೆ ಕಾದಾಡಿ ಗೆದ್ದು ಬಂದ. ಒಡೆಯನಿಂದ ಬೇಡಿ ಪಡೆದದ್ದು ಊರಲ್ಲ, ಹೊನ್ನಲ್ಲ, ಕಾಳಿ ಎಂಬ ಬೇಟೆನಾಯಿ. ಅದು ಹಂದಿಯೊಂದಿಗೆ ಹೋರಾಡಿ, ಎರಡೂ ಸತ್ತವು. ನಾಯಿಯ ನೆನಪಿಗೆ ಗುಡಿಯ ಮುಂದೆ ಕಲ್ಲು ನಿಲ್ಲಿಸಿ, ಪೂಜೆಗೆಂದು ಭೂಮಿ ಬಿಟ್ಟರು. ಪೂಜೆ ಮಾಡದೆ ಉಂಡ ಪೂಜಾರಿಗೆ ಆ ನಾಯಿ ಮಾಡಿದ ಪಾಪವೆಲ್ಲ ತಟ್ಟಲಿ ಎಂಬ ಶಾಪ ಬೇರೆ!

ನನ್ನನ್ನು ಹಿಡಿದು ನಿಲ್ಲಿಸುವುದು ಆ ಕೆತ್ತನೆ. ನಾಯಿ ಸುಮ್ಮನೆ ನಿಂತಿಲ್ಲ, ಹಂದಿಯ ಮೇಲೆ ಬಿದ್ದಿದೆ. ವೀರಗಲ್ಲುಗಳಲ್ಲೂ ಹೀಗೇ. ಮುಖಗಳೆಲ್ಲ ಹೆಚ್ಚುಕಡಿಮೆ ಒಂದೇ. ಕೆಳಗೆ ಕಾಳಗ, ನಡುವೆ ಅಪ್ಸರೆಯರು, ಮೇಲೆ ಲಿಂಗದ ಮುಂದೆ ಕೂತ ವೀರ, ತುದಿಯಲ್ಲಿ ಸೂರ್ಯಚಂದ್ರ. ಹೋಲಿಕೆಯ ಗೋಜಿಗೇ ಹೋಗದೆ ಸತ್ತವನು ಏನು ಮಾಡಿದ ಎಂಬುದನ್ನೇ ಕೆತ್ತಿದರು. ನಾವೋ, ಹೋಲಿಕೆ ಒಂದಿದ್ದರೆ ಸಾಕು ಅಂತೀವಿ.

ಮಾರ್ಚ್ 7, ಗುರುವಾರ

ನಿನ್ನೆ ಬರೆದದ್ದರಲ್ಲಿ ಮಾಸ್ತಿಕಲ್ಲು, ಗಂಡನ ಚಿತೆಯೇರಿದವಳ ನೆನಪಿನ ಕಲ್ಲು, ಬಿಟ್ಟುಹೋಗಿತ್ತು. ಕಂಬದಿಂದ ಹೊರಚಾಚಿದ, ಬಳೆ ತೊಟ್ಟ ಒಂದು ತೋಳು. ಅದರ ಮುಂದೆ ನಿಂತಾಗಲೆಲ್ಲ ನನಗೆ ಭಕ್ತಿಗಿಂತ ಸಿಟ್ಟೇ ಹೆಚ್ಚು. ಸುಟ್ಟುಹೋದ ಹೆಂಗಸಿನಲ್ಲಿ ಊರಿಗೆ ಬೇಕಾದದ್ದು ಅವಳ ಬಳೆ. ಅವಳು ರೊಟ್ಟಿ ತಟ್ಟಿದ ಕೈ, ಮಗು ತೂಗಿದ ಕೈ ಯಾವ ಕಲ್ಲಿನಲ್ಲೂ ಇಲ್ಲ. ಏನನ್ನು ನೆನೆಯಬೇಕೆಂದು ತೀರ್ಮಾನಿಸುವವರು ಉಳಿದವರು ತಾನೇ.

ನಮ್ಮಮ್ಮನ ಮುಖ ಈಗ ಫೋಟೊ ನೋಡದೆ ನನಗೆ ಬರುವುದಿಲ್ಲ. ಸೌಟನ್ನು ಪಾತ್ರೆಯ ಅಂಚಿಗೆ ಎರಡು ಸಲ ಬಡಿಯುತ್ತಿದ್ದ ಕೈ ಮಾತ್ರ ಹಾಗೇ ಇದೆ.

ಮಾರ್ಚ್ 10, ಭಾನುವಾರ

ಹುಡುಗನ ಜೊತೆ ಅವನ ತಾಯಿಯೂ ಬಂದರು. ಪಾಕ ಹೇಗೆ ನೋಡ್ತಿದ್ರು ಅಂತ ಕೇಳಿದ್ದೇ ತಡ, ಎದ್ದು ನಿಂತು ತೋರಿಸಿದರು. ಕುದಿಯುವ ಕೊಪ್ಪರಿಗೆಯಿಂದ ತುಸು ತೆಗೆದು ನೀರಿಗೆ ಬಿಟ್ಟು, ಬೆರಳಲ್ಲಿ ಉರುಟುವುದು. ಅವರ ಬೆರಳೂ ಹಾಗೇ ಉರುಟುತ್ತಿತ್ತು. ನಾನು ಪೆನ್ಸಿಲ್ ತೆಗೆದೆ. ಮಗನಿಗೆ ಇನ್ನೂ ಕೋಟಿನ ಆಸೆ. "ಕೋಟು ಯಾಕ್ಲಾ, ಅವ್ರು ಸೆಕೆ ಅಂತಿದ್ರು" ಅಂದರು ತಾಯಿ.

ಎಣ್ಣೆ ಬಣ್ಣ ತಿಥಿಯೊಳಗೆ ಒಣಗಲ್ಲ. ಅಕ್ರಿಲಿಕ್‌ನಲ್ಲೇ ಮಾಡಿಕೊಡುತ್ತೇನೆ, ಸೊಂಟದವರೆಗೆ, ಎರಡೂ ಕೈ ಕಾಣುವ ಹಾಗೆ.